ಆ ಮಣಿಯೂ ಒಂದು ಬ್ಯಾಟೂ

ಕಳೆದ ಬೇಸಿಗೆಯಲ್ಲಿ ಮೊಮ್ಮಗಳಿಗೆ ಟೋಲ್ಕಿನ್ ಅವರ ‘ದ ಹಾಬಿಟ್’ (1937) ಓದಿ ಹೇಳುತ್ತಿದ್ದೆ. (ಇಂಗ್ಲಿಷ್ ಮೇಷ್ಟ್ರಿಗೆ ಇಷ್ಟು ತಡವಾಗಿ ದೊರೆಯಿತೇ ಎಂದು ನಗಬೇಡಿ.) ಆ ಕಲ್ಪಿತ ಲೋಕದಲ್ಲಿ ಆರ್ಕೆನ್‌ಸ್ಟೋನ್ ಎಂಬ ಮಣಿಯೊಂದಿದೆ, ಒಂಟಿ ಬೆಟ್ಟದ ಗರ್ಭದಲ್ಲಿ ಕುಬ್ಜರಿಗೆ ದೊರೆತದ್ದು, ತನ್ನೊಳಗಿನಿಂದಲೇ ಬೆಳಗುವಂಥದ್ದು. ಕುಬ್ಜರ ಅರಸ ಥೋರಿನ್‌ಗೆ ಅದರ ಮುಂದೆ ಹೊನ್ನರಾಶಿಯೆಲ್ಲ ತೃಣ. ಅವನ ಬಳಗದವನೇ ಆದ ಬಿಲ್ಬೋ ಅದನ್ನು ಬಚ್ಚಿಟ್ಟುಕೊಂಡಿದ್ದು, ಯುದ್ಧ ತಪ್ಪಲೆಂದು ಇರುಳಿನಲ್ಲಿ ಎದುರು ಪಾಳೆಯದ ಬಾರ್ಡ್‌ನ ಕೈಗೊಪ್ಪಿಸುತ್ತಾನೆ. ಒಪ್ಪಿಸಿ, ಅಪಾಯವೆಂದು ತಿಳಿದೂ ತನ್ನವರ ಬಳಿಗೇ ಮರಳುತ್ತಾನೆ.

“ತಾತಾ, ಹಾಗಾದರೆ ಅವನು ಕಳ್ಳನಾ?” ಎಂದು ಕೇಳಿದಳು.

ನನಗೆ ಶಿಷ್ಯನೊಬ್ಬನ ನೆನಪಾಯಿತು. ಚಂದಾ ಹಣದಲ್ಲಿ ಕೊಂಡ ಬ್ಯಾಟಿಗಾಗಿ ಒಂಬತ್ತನೆಯ ತರಗತಿಯ ಎರಡು ಗುಂಪುಗಳು ಹೊಡೆದಾಟಕ್ಕೆ ನಿಂತಾಗ, ತನ್ನ ಗುಂಪಿನವರು ಅಡಗಿಸಿಟ್ಟಿದ್ದ ಬ್ಯಾಟನ್ನು ಆತ ಎದುರು ಗುಂಪಿಗೆ ಕೊಟ್ಟುಬಂದಿದ್ದ. ದೂರು ಬಂದೊಡನೆ, ವಿಚಾರಿಸದೆಯೇ, ಕಳವು ಕಳವೇ ಎಂದು ಬೆತ್ತವೆತ್ತಿದೆ. ಆತ ಕೈ ಚಾಚಿದ, ಅಳಲಿಲ್ಲ.

ಕದನದಲ್ಲಿ ಗಾಯಗೊಂಡ ಥೋರಿನ್ ಸಾಯುವ ಮುನ್ನ ಬಿಲ್ಬೋನನ್ನು ಕರೆಸಿ ತನ್ನ ಕಟುನುಡಿಗಳನ್ನು ಹಿಂತೆಗೆದುಕೊಳ್ಳುತ್ತಾನೆ. ಬಾರ್ಡ್ ಆ ಮಣಿಯನ್ನು ಅವನ ಎದೆಯ ಮೇಲಿರಿಸುತ್ತಾನೆ. ಆ ಪುಟಗಳನ್ನು ಓದುವಾಗ ನನ್ನ ದನಿ ತಡವರಿಸಿತು.

ಆ ಶಿಷ್ಯ ಇದನ್ನು ಓದುವನೋ ಏನೋ. ಓದಿದರೆ, ಅಪ್ಪಾ, ಅಂದು ತಪ್ಪು ನನ್ನದು.