ಗ್ರೆನ್ನಾ: ಆಕಾಶಕ್ಕೆ ಹಾಯಿ ಕಟ್ಟಿದವನ ಊರು

ಅನಿಮೇಶನ್ ಸಿನಿಮಾ, ವಿಡಿಯೋ ಗೇಮ್, ಕಾಮಿಕ್ಸ್ ಯಾವುದನ್ನೇ ತೆಗೆದುಕೊಳ್ಳಿ, ಕಲ್ಪನಾಲೋಕ ಅಂದಮೇಲೆ ಅಲ್ಲೊಂದು ಹಾರುವ ಹಡಗು ಇದ್ದೇ ಇರುತ್ತದೆ. ಮೋಡಗಳ ನಡುವೆ ಹಾಯಿ ಬಿಚ್ಚಿಕೊಂಡು, ಕಪ್ತಾನ ಚುಕ್ಕಾಣಿ ತಿರುಗಿಸಿದತ್ತ ಹೊರಟುಬಿಡುತ್ತದೆ. ಕನಸು ಹಳೆಯದು. 1670ರಲ್ಲೇ ಇಟಲಿಯ ಪಾದ್ರಿ ಫ್ರಾನ್ಚೆಸ್ಕೊ ಲಾನಾ ದೆ ತೆರ್ಜಿ, ಒಳಗಿನ ಗಾಳಿಯನ್ನೆಲ್ಲ ತೆಗೆದ ನಾಲ್ಕು ತಾಮ್ರದ ಗೋಳಗಳಿಗೆ ಒಂದು ದೋಣಿಯನ್ನು ತೂಗುಹಾಕಿ, ಅದಕ್ಕೊಂದು ಹಾಯಿಯನ್ನೂ ಕಟ್ಟಿದ ಯೋಜನೆ ಪ್ರಕಟಿಸಿದ್ದ. ಅದು ಕಾಗದದ ಮೇಲೇ ಉಳಿಯಿತು. ಆದರೆ ಹಾಯಿ ಕಟ್ಟಿದ ಬಲೂನನ್ನು ನಿಜಕ್ಕೂ ಹತ್ತಿ ಉತ್ತರ ಧ್ರುವಕ್ಕೆ ಹೊರಟವನೊಬ್ಬನಿದ್ದ. ಅವನು ಹುಟ್ಟಿದ್ದು ಸ್ವೀಡನ್ನಿನ ಗ್ರೆನ್ನಾ ಎಂಬ ಪುಟ್ಟ ಊರಿನಲ್ಲಿ.

ಯೋನ್‌ಶೋಪಿಂಗ್ ನಗರದಿಂದ ಉತ್ತರಕ್ಕೆ ಸುಮಾರು 40 ಕಿ.ಮೀ. ದೂರ. ಒಂದು ಕಡೆ ಗುಡ್ಡ, ಇನ್ನೊಂದು ಕಡೆ ವೆಟ್ಟರ್ನ್ ಸರೋವರ, ನಡುವೆ ಹಳೆಯ ಮರದ ಮನೆಗಳ ಸಾಲು. ಈ ಊರಿಗೆ ಬರುವ ಬಹುತೇಕರಿಗೆ ಬೇಕಾದದ್ದು ಕೆಂಪು-ಬಿಳಿ ಪಟ್ಟೆಯ ಪೆಪ್ಪರ್‌ಮಿಂಟ್ ಕಡ್ಡಿ. ಅಮಾಲಿಯಾ ಎರಿಕ್ಸನ್ ಎಂಬ ವಿಧವೆ 1859ರಲ್ಲಿ ಹೊಟ್ಟೆಪಾಡಿಗೆಂದು ಶುರುಮಾಡಿದ ಮಿಠಾಯಿ ಅದು. ಆ ಅಂಗಡಿಗಳ ಬೀದಿಯಲ್ಲೇ ಇರುವ ಗ್ರೆನ್ನಾ ಮ್ಯೂಸಿಯಂ, 1854ರಲ್ಲಿ ಇಲ್ಲಿ ಹುಟ್ಟಿದ ಸಾಲೊಮನ್ ಆಗಸ್ಟ್ ಆಂದ್ರೇಯ ಕಥೆ ಹೇಳುತ್ತದೆ.

ಆಂದ್ರೇ ಸ್ವೀಡನ್ನಿನ ಪೇಟೆಂಟ್ ಕಚೇರಿಯ ಎಂಜಿನಿಯರ್. ಧ್ರುವಕ್ಕೆ ಹೊರಟ ಹಡಗುಗಳೆಲ್ಲ ಹಿಮದಲ್ಲಿ ಸಿಕ್ಕಿಬೀಳುತ್ತಿದ್ದ ಕಾಲ. ಹಿಮದ ಮೇಲೆಯೇ ಹಾರಿಹೋದರೆ ಹೇಗೆ ಎಂಬುದು ಅವನ ಲೆಕ್ಕ. ಆಲ್ಫ್ರೆಡ್ ನೊಬೆಲ್ ಹಣ ಕೊಟ್ಟ, ದೊರೆ ಎರಡನೆಯ ಆಸ್ಕರ್ ಕೂಡ ಕೊಟ್ಟ.

ಒಂದು ತೊಡಕಿತ್ತು. ಕಥೆಗಳಲ್ಲಿ ಯಾರೂ ಇದನ್ನು ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ. ಬಲೂನು ಗಾಳಿಯ ಜೊತೆಗೇ, ಗಾಳಿಯ ವೇಗದಲ್ಲೇ ಸಾಗುತ್ತದೆ. ಅದರ ಬುಟ್ಟಿಯಲ್ಲಿ ನಿಂತವನಿಗೆ ಗಾಳಿಯೇ ತಾಗುವುದಿಲ್ಲ. ಹಾಯಿ ಕಟ್ಟಿದರೆ ಒದ್ದೆ ಬಟ್ಟೆಯಂತೆ ಜೋತುಬಿದ್ದಿರುತ್ತದೆ, ಅಷ್ಟೆ. ಹೊಳೆಯಲ್ಲಿ ಹರಿಗೋಲನ್ನು ಸುಮ್ಮನೆ ಬಿಟ್ಟರೆ ಪಕ್ಕದಲ್ಲಿ ತೇಲುವ ಎಲೆಯೂ ಅದೂ ಒಟ್ಟೊಟ್ಟಿಗೆ ಹೋಗುವುದಿಲ್ಲವೇ, ಹಾಗೆ. ಅಂಬಿಗ ಗಳುವನ್ನು ಹೊಳೆಯ ತಳಕ್ಕೆ ಊರಿದಾಗ ಮಾತ್ರ ಹರಿಗೋಲು ಅವನ ಮಾತು ಕೇಳುತ್ತದೆ.

ಆಂದ್ರೇಯ ಗಳು ಅಂದರೆ ಹಗ್ಗ. ನೂರಾರು ಮೀಟರ್ ಉದ್ದದ ಮೂರು ಭಾರಿ ಹಗ್ಗಗಳನ್ನು ಬಲೂನಿನಿಂದ ಇಳಿಬಿಟ್ಟರೆ ಅವು ನೀರು, ಹಿಮದ ಮೇಲೆ ಎಳೆದುಕೊಂಡು ಬರುತ್ತವೆ. ಬಲೂನು ಗಾಳಿಗಿಂತ ತುಸು ನಿಧಾನವಾಗುತ್ತದೆ. ಆಗ ಹಾಯಿಗೆ ಗಾಳಿ ಸಿಗುತ್ತದೆ, ದಿಕ್ಕನ್ನು ಒಂದಷ್ಟು ಪಕ್ಕಕ್ಕೆ ತಿರುಗಿಸಬಹುದು.

1897ರ ಜುಲೈ 11ರಂದು ಸ್ವಾಲ್‌ಬಾರ್ಡ್‌ನ ಡೇನ್ಸ್ ದ್ವೀಪದಿಂದ 'ಓರ್ನೆನ್', ಅಂದರೆ ಹದ್ದು ಎಂಬ ಹೆಸರಿನ ಹೈಡ್ರೋಜನ್ ಬಲೂನು ಮೇಲೆದ್ದಿತು. ಜೊತೆಗೆ ಕ್ನುಟ್ ಫ್ರೆಂಕೆಲ್ ಮತ್ತು ಛಾಯಾಗ್ರಾಹಕ ನಿಲ್ಸ್ ಸ್ಟ್ರಿಂಡ್‌ಬರ್ಗ್. ಈತ ನಾಟಕಕಾರ ಸ್ಟ್ರಿಂಡ್‌ಬರ್ಗ್‌ನ ಬಂಧು. ಹಗ್ಗ ಎಲ್ಲಾದರೂ ಸಿಕ್ಕಿಕೊಂಡರೆ ಬಿಡಿಸಲು ಅನುಕೂಲವಾಗಲಿ ಎಂದು ನಡುವೆ ತಿರುಪಿನ ಜೋಡಣೆ ಇಟ್ಟಿದ್ದರು. ಹೊರಟ ಕೆಲವೇ ನಿಮಿಷಗಳಲ್ಲಿ ಹಗ್ಗಗಳು ಹೊಸೆದುಕೊಂಡು ತಿರುಪು ಬಿಚ್ಚಿತು. ಸುಮಾರು 530 ಕೆ.ಜಿ. ಹಗ್ಗ ಕಳಚಿ ಹೋಯಿತು. ನೀರಿಗೆ ತಾಗಿದ್ದ ಬಲೂನನ್ನು ಎತ್ತಲು 210 ಕೆ.ಜಿ. ಮರಳನ್ನೂ ಸುರಿದಿದ್ದರು. ಹಗುರಾದ ಬಲೂನು ಸುಮಾರು 700 ಮೀಟರ್ ಮೇಲೇರಿತು. ಹಾರುವ ಹಡಗು ಅಲ್ಲಿಗೆ ಮುಗಿಯಿತು, ಉಳಿದದ್ದು ಬರೀ ಬಲೂನು.

ಹೊಲಿಗೆಯ ರಂಧ್ರಗಳಿಂದ ಅನಿಲ ಸೋರುತ್ತಿತ್ತು, ಮಂಜು ಮೇಲೆ ಹೆಪ್ಪುಗಟ್ಟಿ ಭಾರವಾಗುತ್ತಿತ್ತು. ಜುಲೈ 14ರಂದು ಹಿಮದ ಮೇಲೆ ಇಳಿದರು. ಆಮೇಲೆ ಜಾರುಬಂಡಿ ಎಳೆಯುತ್ತ ನಡಿಗೆ. ಪೂರ್ವಕ್ಕೆ ನಡೆದರೆ ಕಾಲಡಿಯ ಹಿಮದ ಹಾಸು ಅವರನ್ನು ಪಶ್ಚಿಮಕ್ಕೆ ಒಯ್ಯುತ್ತಿತ್ತು. ಮೇಲೆ ನೆಲ ಕೈಬಿಟ್ಟಿತ್ತು, ಕೆಳಗೆ ನೆಲವೇ ತೇಲುತ್ತಿತ್ತು. ಅಕ್ಟೋಬರ್‌ನಲ್ಲಿ ಕ್ವಿಟೋಯಾ ಎಂಬ ಹಿಮದ್ವೀಪ ಸೇರಿದರು. ಅಲ್ಲಿ ಕೆಲವು ದಿನಗಳಿಗೆ ದಿನಚರಿ ನಿಲ್ಲುತ್ತದೆ.

1930ರವರೆಗೆ, ಅಂದರೆ 33 ವರ್ಷ, ಅವರು ಏನಾದರು ಎಂಬುದು ಯಾರಿಗೂ ತಿಳಿಯಲಿಲ್ಲ. ಆ ವರ್ಷ ನಾರ್ವೆಯ ಹಡಗುಗಳವರಿಗೆ ದೇಹಗಳು, ದಿನಚರಿ, ಫಿಲ್ಮ್ ಸಿಕ್ಕವು. 240 ಚಿತ್ರಗಳಲ್ಲಿ 93 ಉಳಿದುಬಂದವು. ಅದರಲ್ಲೊಂದು ಪ್ರಸಿದ್ಧ: ಹಿಮದ ಮೇಲೆ ಪಕ್ಕಕ್ಕೆ ವಾಲಿದ ಬಲೂನು, ಅದನ್ನು ನೋಡುತ್ತ ನಿಂತ ಇಬ್ಬರು. ಮೂರನೆಯವನು ಕ್ಯಾಮೆರಾದ ಹಿಂದಿದ್ದಾನೆ.

ನೌಕರಿಯ ಗಾಳಿ ಬೀಸಿದತ್ತ ಮುಂಬಯಿ, ಪುಣೆ, ದೆಹಲಿ ಸೇರಿದ ನಮ್ಮಂಥವರಿಗೆ ಈ ಹಗ್ಗದ ಲೆಕ್ಕ ವಿವರಿಸಿ ಹೇಳಬೇಕಾಗಿಲ್ಲ. ಎಳೆಯುವ ಹಗ್ಗ ಭಾರವೇ, ವೇಗವನ್ನು ತಗ್ಗಿಸುತ್ತದೆ ಕೂಡ. ಆದರೆ ದಿಕ್ಕು ಸಿಗುವುದು ಅದರಿಂದಲೇ.

ಸ್ವೀಡನ್ ಕಡೆ ಹೋದವರು ಗ್ರೆನ್ನಾಕ್ಕೆ ಅರ್ಧ ದಿನ ಇಟ್ಟುಕೊಳ್ಳಿ. ಮಿಠಾಯಿ ಆಮೇಲೆ, ಮೊದಲು ಮ್ಯೂಸಿಯಂ. ಬಲೂನು ಹೊರಟ ಡೇನ್ಸ್ ದ್ವೀಪದ ಜಾಗ ಇನ್ನೂ ಬಹಳ ಉತ್ತರಕ್ಕಿದೆ, ಅಲ್ಲಿ ಕಾಲಿಡಲು ಸ್ವಾಲ್‌ಬಾರ್ಡ್ ಆಡಳಿತದ ಅನುಮತಿ ಬೇಕು. ಬಲೂನು ನಿಲ್ಲಿಸಲು ಕಟ್ಟಿದ್ದ ಮನೆಯ ಮರದ ತುಂಡುಗಳು ಈಗಲೂ ಆ ದಂಡೆಯಲ್ಲಿ ಬಿದ್ದಿವೆ.