ಹೊಳಿ ಆಚೆಗೆ ಇತ್ತು, ಈಚೆಗೆ ಇರಲಿಲ್ಲ

ರಾಯಚೂರು ಅಂದ ಕೂಡಲೇ ಬೆಂಗಳೂರಿನ ಗೆಳೆಯರು ಕೇಳೋದು ಎರಡೇ ಪ್ರಶ್ನೆ. ಬಿಸಿಲು ಎಷ್ಟು? ನಿಮ್ಮ ಕಡೆ ಲೀಡರುಗಳು ಇಷ್ಟು ವರ್ಷ ಏನು ಕಡಿದು ಹಾಕಿದ್ರು? ಮೊದಲನೆಯದಕ್ಕೆ ಮೊಬೈಲಿನಲ್ಲಿ ಉತ್ತರ ಸಿಗುತ್ತೆ. ಎರಡನೆಯದಕ್ಕೆ ಒಬ್ಬರ ಲೆಕ್ಕ ನಾನು ಕೊಡ್ತೀನಿ. ಮಲ್ಲಿಕಾರ್ಜುನ ಖರ್ಗೆ. ಅವರ ಪಕ್ಷದ ಬಗ್ಗೆ ನಿಮಗೇನೇ ಅನ್ನಿಸಲಿ, ಅದನ್ನ ಸ್ವಲ್ಪ ಪಕ್ಕಕ್ಕಿಡಿ.

1942ರಲ್ಲಿ ಬೀದರ್ ಜಿಲ್ಲೆಯ ವರವಟ್ಟಿಯಲ್ಲಿ ಹುಟ್ಟಿ, ರಜಾಕಾರರ ಹಾವಳಿಯಲ್ಲಿ ತಾಯಿಯನ್ನ ಕಳಕೊಂಡು, ಅಪ್ಪನ ಜೊತೆ ಗುಲ್ಬರ್ಗಕ್ಕೆ ಬಂದ ಹುಡುಗ. ವಕೀಲಿಕೆ, ಕಾರ್ಮಿಕ ಸಂಘ, ಆಮೇಲೆ ರಾಜಕೀಯ. 1972ರಲ್ಲಿ ಗುರುಮಠಕಲ್‌ನಿಂದ ಶಾಸಕ. ಅಲ್ಲೇ ಸತತ ಎಂಟು ಸಲ, 2008ರಲ್ಲಿ ಚಿತ್ತಾಪುರದಿಂದ, 2009 ಮತ್ತು 2014ರಲ್ಲಿ ಲೋಕಸಭೆಗೆ. ಶಿಕ್ಷಣ, ಕಂದಾಯ, ಗೃಹ, ಕೇಂದ್ರದಲ್ಲಿ ಕಾರ್ಮಿಕ, ರೈಲ್ವೆ... ನನ್ನ ರೆಸ್ಯೂಮೆಗಿಂತ ಉದ್ದ ಇದೆ. ಮುಖ್ಯಮಂತ್ರಿ ಕುರ್ಚಿ ಹತ್ತಿರ ಮಾತ್ರ ಹೆಸರು ಹೋಗೋದು, ವಾಪಸ್ ಬರೋದು. 2019ರಲ್ಲಿ ಮೊದಲ ಸಲ ಸೋತರು. ಮೂರು ವರ್ಷಕ್ಕೆ ಕಾಂಗ್ರೆಸ್ ಅಧ್ಯಕ್ಷ.

ನಮ್ಮ ದೇವಸುಗೂರು ಇರೋದು ಕೃಷ್ಣಾ ದಂಡೆಗೆ. ಪಕ್ಕದ ಶಕ್ತಿನಗರದಲ್ಲಿ ಕಲ್ಲಿದ್ದಲು ಸುಟ್ಟ ಕರೆಂಟು ಊರೂರಿಗೆ ಹೋಗುತ್ತೆ, ಹಾರುಬೂದಿ ನಮಗೆ. ಸೇತುವೆ ದಾಟಿದ್ರೆ ಈಗ ತೆಲಂಗಾಣ, ನಾನು ಸಣ್ಣವನಿದ್ದಾಗ ಆಂಧ್ರ. 1956ರವರೆಗೆ ಎರಡೂ ದಂಡೆ ಹೈದರಾಬಾದ್ ರಾಜ್ಯವೇ. ಅದೇ ಬಿಸಿಲು, ಅದೇ ತೊಗರಿ, ಆ ಕಡೆಯೂ ಕನ್ನಡ ಮಾತಾಡೋ ಮಂದಿ. ಆದರೆ ಆಚೆ ದಂಡೆಗೆ ಸಂವಿಧಾನದ 371(ಡಿ) ಎಪ್ಪತ್ತರ ದಶಕದಲ್ಲೇ ಬಂತು. ಸ್ಥಳೀಯರಿಗೆ ಸೀಟು, ನೌಕರಿಯಲ್ಲಿ ಪಾಲು. ಈಚೆಗೆ ಏನೂ ಇಲ್ಲ. "ಹೊಳಿ ಆಚಿ ಮಂದಿಗಿ ಐತಿ, ನಮಗ್ಯಾಕಿಲ್ಲಪಾ?" ಅಂತ ನಮ್ಮಪ್ಪ ಕೇಳ್ತಿದ್ದರು. ಉತ್ತರ ಕೊಡೋರು ಯಾರೂ ಇರಲಿಲ್ಲ.

ವೈಜನಾಥ ಪಾಟೀಲರಂಥವರು ಬೀದಿಗಿಳಿದು ವರ್ಷಗಟ್ಟಲೆ ಕೇಳಿದರು. ಅಡ್ವಾಣಿ ಗೃಹ ಮಂತ್ರಿ ಆಗಿದ್ದಾಗ ದೆಹಲಿ ಆಗಲ್ಲ ಅಂತು. ಬೀದಿಯ ಕೂಗು ಸಂಪುಟದ ಮೇಜಿಗೆ ಮುಟ್ಟೋಕೆ ಒಳಗೊಬ್ಬ ನಮ್ಮವರು ಬೇಕಿತ್ತು. ಖರ್ಗೆ ಆಗ ಕಾರ್ಮಿಕ ಸಚಿವರು, ಧರ್ಮಸಿಂಗ್ ಬೀದರ್ ಸಂಸದರು. 2012ರ ಡಿಸೆಂಬರಿನಲ್ಲಿ ಸಂಸತ್ತು ಒಪ್ಪಿತು. 98ನೇ ತಿದ್ದುಪಡಿ, 371(ಜೆ). ಈ ಭಾಗದ ಕಾಲೇಜುಗಳಲ್ಲಿ ಶೇ. 70 ಸೀಟು, ಉಳಿದ ಕರ್ನಾಟಕದಲ್ಲಿ ಶೇ. 8.

ನಾನು ಬಿ.ಇ. ಮುಗಿಸಿದ್ದು 2010ರಲ್ಲಿ, ನನಗೆ ಸಿಗಲಿಲ್ಲ. ತಂಗಿಗೆ ಸಿಕ್ತು. ಸಿಇಟಿ ಕೌನ್ಸೆಲಿಂಗ್‌ನಲ್ಲಿ ಆ ಒಂದು ಸರ್ಟಿಫಿಕೇಟ್ ಇಲ್ಲದಿದ್ದರೆ ಅವಳ ರ್‍ಯಾಂಕಿಗೆ ಸರ್ಕಾರಿ ಸೀಟು ಕನಸೇ. ಅಪ್ಪ ಆ ಕಾಗದ ಹಿಡಿದು ಎರಡು ಸಲ ಓದಿದರು, "ನಮ್ಮ ಊರ ಹೆಸರು ಇದ್ರೊಳಗ ಬಂದೈತಿ ನೋಡು" ಅಂದರು.

ಹಾಗಂತ ಎಲ್ಲ ಮಾಫಿಯಿಲ್ಲ. 1972ರಿಂದ 2012, ನಲವತ್ತು ವರ್ಷ ಹಿಡೀತು. ರೈಲ್ವೆ ಮಂತ್ರಿ ಆಗಿದ್ದಾಗ ಗುಲ್ಬರ್ಗ ವಿಭಾಗಕ್ಕೆ ಅಡಿಗಲ್ಲು ಬಿತ್ತು, ಅಧಿಕಾರ ಹೋದ ಮೇಲೆ ಅದು ವರ್ಷಗಟ್ಟಲೆ ಬರೀ ಕಲ್ಲಾಗೇ ಉಳೀತು. ಕಾನೂನು ಇರೋ ಹುದ್ದೆಯಲ್ಲಿ ಪಾಲು ಕೊಡುತ್ತೆ, ತುಂಬದೆ ಬಿಟ್ಟ ಹುದ್ದೆಗೆ ಏನು ಮಾಡೋದು? ಐಟಿ ಕಂಪನಿಗಳಿಗಂತೂ ಅದು ಲೆಕ್ಕಕ್ಕೇ ಇಲ್ಲ. ತಂಗಿ ಈಗ ಬೆಳ್ಳಂದೂರಿನ ಪಿ.ಜಿ.ಯಲ್ಲಿದ್ದಾಳೆ. ರಾಯಚೂರಲ್ಲಿ ಅವಳ ಓದಿಗೆ ತಕ್ಕ ಕೆಲಸ ಸಿಗುತ್ತಾ ಅಂತ ಇಬ್ಬರೂ ಆಗಾಗ ಹುಡುಕ್ತಿರ್ತೀವಿ.