ಬಟ್ಲರ್ ವೇಷಕ್ಕೆ ಮುಂಚಿನ ನಲವತ್ತು ವರ್ಷ

ತಪ್ಪುತಪ್ಪಾಗಿ ಆಡುವ ಇಂಗ್ಲಿಷಿಗೆ ನಮ್ಮಲ್ಲಿ 'ಬಟ್ಲರ್ ಇಂಗ್ಲಿಷ್' ಎನ್ನುವುದುಂಟು. 'ಡೌನ್‌ಟನ್ ಅಬ್ಬೆ' ಎಂಬ ಬ್ರಿಟಿಷ್ ಧಾರಾವಾಹಿ ನೋಡಿದವರು ಆ ಮಾತನ್ನು ಸುಲಭಕ್ಕೆ ಆಡಲಾರರು. ಅಲ್ಲಿನ ಬಟ್ಲರ್ ಕಾರ್ಸನ್ ಬಾಯಿ ತೆರೆದರೆ ಆಳುಕಾಳುಗಳೆಲ್ಲ ನೆಟ್ಟಗೆ ನಿಲ್ಲಬೇಕು. ಅಂಥ ತುಂಬು ದನಿ, ಅಂಥ ಗತ್ತು. ಆ ಪಾತ್ರ ಮಾಡಿದವರು ಜಿಮ್ ಕಾರ್ಟರ್. 2010ರಲ್ಲಿ ಧಾರಾವಾಹಿ ಆರಂಭವಾದಾಗ ಅವರಿಗೆ 62 ವರ್ಷ. ನಮ್ಮ ಸರ್ಕಾರಿ ನೌಕರರು ನಿವೃತ್ತರಾಗಿ ಪಿಂಚಣಿ ಎಣಿಸುವ ವಯಸ್ಸು. ಜಗತ್ತು ಅವರ ಹೆಸರು ಕೇಳಿದ್ದು ಆಗ.

ಈ ನಟನ ಹಿಂದಿನ ಕತೆ ನನಗೆ ಗೊತ್ತಾದದ್ದು ಮಗಳಿಂದ. ಅವಳು ಕಾನೂನು ಪದವಿಯ ಎರಡನೇ ವರ್ಷದಲ್ಲಿದ್ದಾಳೆ. ಸಂಜೆಯಾದರೆ ನಾಟಕದ ತಾಲೀಮು. "ಅಪ್ಪಾ, ಈ ಕಾರ್ಸನ್ ಕೂಡ ಎರಡು ವರ್ಷ ಲಾ ಓದಿ ಬಿಟ್ಟವರೇ, ಗೊತ್ತಾ?" ಎಂದಳು ಒಂದು ದಿನ. ಮಾತು ಎತ್ತ ಹೊರಟಿದೆ ಎಂದು ತಿಳಿಯದಷ್ಟು ದಡ್ಡ ನಾನಲ್ಲ. ಅವಳಮ್ಮನೂ ಅಡುಗೆಮನೆಯಿಂದಲೇ ಕಿವಿ ನೆಟ್ಟಿದ್ದಳು.

ಅವಳು ಹೇಳಿದ್ದು ನಿಜ. 1948ರಲ್ಲಿ ಯಾರ್ಕ್‌ಷೈರಿನ ಹ್ಯಾರೊಗೇಟ್‌ನಲ್ಲಿ ಹುಟ್ಟಿದ ಕಾರ್ಟರ್, ಸಸೆಕ್ಸ್ ವಿಶ್ವವಿದ್ಯಾಲಯದಲ್ಲಿ ಕಾನೂನು ಓದುತ್ತಿದ್ದವರು, ಅರ್ಧಕ್ಕೆ ಬಿಟ್ಟು ಬ್ರೈಟನ್‌ನ ಸಣ್ಣ ನಾಟಕ ತಂಡವೊಂದನ್ನು ಸೇರಿದರು. 1970ರಲ್ಲಿ ಸಿಕ್ಕ ಸಂಬಳ ವಾರಕ್ಕೆ ಐದು ಪೌಂಡು, ಜೊತೆಗೆ ಊಟ ವಸತಿ.

ಮಗಳು ಕತೆಯನ್ನು ಇಲ್ಲಿಗೇ ನಿಲ್ಲಿಸಿದ್ದಳು. ಉಳಿದದ್ದನ್ನು ನಾನೇ ಹುಡುಕಿ ಓದಿದೆ. ಕೆನ್ ಕ್ಯಾಂಪ್‌ಬೆಲ್ ಅವರ ತಂಡದೊಂದಿಗೆ ತಿರುಗಾಟ. 1978ರಲ್ಲಿ, ಮೂವತ್ತರ ಹೊಸ್ತಿಲಲ್ಲಿ, ಅಮೆರಿಕದ ಸರ್ಕಸ್ ಶಾಲೆಯಲ್ಲಿ ವಿದ್ಯಾರ್ಥಿ! ಚೆಂಡುಗಳನ್ನು ಎಸೆದು ಹಿಡಿಯುವುದು, ಒಂಟಿ ಚಕ್ರದ ಸೈಕಲ್, ಹಗ್ಗದ ಮೇಲಿನ ನಡಿಗೆ. 1982ರಲ್ಲಿ ಲಂಡನ್ನಿನ ನ್ಯಾಷನಲ್ ಥಿಯೇಟರಿನ ಸಂಗೀತ ನಾಟಕವೊಂದರಲ್ಲಿ ನಟಿ ಇಮೆಲ್ಡಾ ಸ್ಟಾಂಟನ್ ಪರಿಚಯ, ಮರುವರ್ಷ ಮದುವೆ. ಆಮೇಲೆ ತೆರೆಯ ಮೇಲೆ ಸಾಲುಸಾಲು ಚಿಕ್ಕ ಪಾತ್ರಗಳು. 1994ರ 'ದಿ ಮ್ಯಾಡ್‌ನೆಸ್ ಆಫ್ ಕಿಂಗ್ ಜಾರ್ಜ್' ಚಿತ್ರದಲ್ಲಿ ರಾಜಕಾರಣಿ ಫಾಕ್ಸ್. 1998ರ 'ಷೇಕ್ಸ್‌ಪಿಯರ್ ಇನ್ ಲವ್'ನಲ್ಲಿ ಆ ಭಾರೀ ದೇಹಕ್ಕೆ ಲಂಗ ತೊಟ್ಟು ಜೂಲಿಯೆಟ್‌ಳ ದಾದಿಯಾಗುವ ನಟ. ಹೆಂಗಸರು ರಂಗವೇರದಿದ್ದ ಕಾಲದ ಕತೆಯದು. ಸ್ತ್ರೀವೇಷ ನೋಡಿ ಬೆಳೆದ ನಮಗೆ ಹೊಸತೇನಲ್ಲ. 2007ರ 'ಕ್ರ್ಯಾನ್‌ಫರ್ಡ್' ಧಾರಾವಾಹಿಯಲ್ಲಿ ಕ್ಯಾಪ್ಟನ್ ಬ್ರೌನ್.

ಇಂಥವರನ್ನು ನಾವು ಪೋಷಕ ನಟರೆನ್ನುತ್ತೇವೆ. ಮಕ್ಕಳ ಅಂಕಪಟ್ಟಿಗೆ ಸಹಿ ಹಾಕುವ ನಮಗೂ ಪೋಷಕರೆಂದೇ ಹೆಸರು. ಬೆಳಕು ಬೇರೆಯವರ ಮೇಲೆ ಬೀಳುವಾಗ ಹಿಂದೆ ನಿಂತಿರುವುದು ಇಬ್ಬರ ಕೆಲಸವೂ ಹೌದು. ಡೌನ್‌ಟನ್‌ನ ಊಟದ ದೃಶ್ಯಗಳನ್ನು ಗಮನಿಸಿ. ಮಾತೆಲ್ಲ ಮೇಜಿನ ಸುತ್ತ ಕೂತವರದು, ಕಾರ್ಸನ್‌ದು ಬರೀ ನಿಲ್ಲುವ ಕೆಲಸ. ಯಾರೋ ಮನೆತನಕ್ಕೆ ಒಗ್ಗದ ಮಾತಾಡಿದಾಗ ಆ ದಪ್ಪ ಹುಬ್ಬು ಕೂದಲೆಳೆಯಷ್ಟು ಮೇಲೇರುತ್ತದೆ, ಅಷ್ಟೆ. ನಮ್ಮ ಕಣ್ಣು ಅಲ್ಲಿಗೇ ಹೋಗುತ್ತದೆ. ಇನ್ನೊಂದು ಸ್ವಾರಸ್ಯ: ಕತೆಯ ಕಾರ್ಸನ್ ಯೌವನದಲ್ಲಿ ರಂಗದ ಮೇಲೆ ಹಾಡಿ ಕುಣಿದು ಹೊಟ್ಟೆ ಹೊರೆದವನು, ಅದನ್ನು ಮಾನ ಹೋಗುವ ಗುಟ್ಟೆಂಬಂತೆ ಮುಚ್ಚಿಟ್ಟವನು. ಸರ್ಕಸ್ ಕಲಿತ ನಟನಿಗೆ ಇದಕ್ಕಿಂತ ಒಪ್ಪುವ ಪಾತ್ರ ಬೇಕೆ?

2015ರಲ್ಲಿ ಧಾರಾವಾಹಿ ಮುಗಿಯಿತು. ಎಮ್ಮಿ ಪ್ರಶಸ್ತಿಗೆ ನಾಲ್ಕು ಸಲ ಹೆಸರು ಹೋಯಿತು, ಒಮ್ಮೆಯೂ ಬರಲಿಲ್ಲ. 2019ರಲ್ಲಿ ಬ್ರಿಟಿಷ್ ಸರ್ಕಾರದ ಒಬಿಇ ಗೌರವ ಬಂತು. ಮಗಳು ಬೆಸ್ಸಿಯೂ ಗಿಲ್ಡ್‌ಹಾಲ್ ಶಾಲೆಯಲ್ಲಿ ನಟನೆ ಕಲಿತು, 2020ರಿಂದ 'ಬ್ರಿಜರ್ಟನ್' ಎಂಬ ಇನ್ನೊಂದು ಹಳೆಗಾಲದ ಕತೆಯಲ್ಲಿ ಕಾಣಿಸಿಕೊಂಡಳು.

ಇಷ್ಟೆಲ್ಲ ಓದಿಕೊಂಡು ನಾನು ಮಗಳಿಗೆ ಹೇಳಿದೆ: "ಕಾಲೇಜು ಬಿಡುವುದು ಒಂದು ದಿನದ ಕೆಲಸ ಕಣಮ್ಮ. ಆಮೇಲಿನ ನಲವತ್ತು ವರ್ಷ? ಅವರಂತೆಯೇ ಬಿಟ್ಟು, ಹೆಸರೇ ಕೇಳಿಸದೆ ಹೋದವರೆಷ್ಟೋ."

"ಹೆಸರು ಯಾರಿಗೆ ಬೇಕಪ್ಪ? ಆ ನಲವತ್ತು ವರ್ಷವೇ ನನಗೆ ಬೇಕಾದದ್ದು" ಎಂದಳು.

ಇದಕ್ಕೆ ನನ್ನಲ್ಲಿ ಉತ್ತರವಿರಲಿಲ್ಲ. ಅವಳಮ್ಮನಲ್ಲಿತ್ತು. "ಮೊದಲು ಈ ಸೆಮಿಸ್ಟರ್ ಪರೀಕ್ಷೆ ಬರಿ. ನಿನ್ನ ನಾಟಕಕ್ಕೆ ನಾವಿಬ್ಬರೂ ಬರ್ತೀವಿ."